ಸ್ಟವ್ ಸಾಬರ ಸಾಲುಮನೆ

ನಮ್ಮ ಮನೆಯ ಎದುರಿನ ಗ್ಯಾಸ್ ಸ್ಟವ್ ರಿಪೇರಿ ಅಂಗಡಿಯನ್ನು ಹೋದ ತಿಂಗಳು ಖಾಲಿ ಮಾಡಿದರು. ಎರಡು ಗೋಣಿಚೀಲದ ತುಂಬ ಹಳೆಯ ಬರ್ನರ್‌ಗಳು, ಒಂದು ಡಬ್ಬದ ತುಂಬ ಕುಕ್ಕರ್ ಹಿಡಿಗಳು, ಒಂದು ಮುರುಕು ಸ್ಟೂಲು. ಇಷ್ಟನ್ನು ಅಂಗಡಿಯವರ ಅಳಿಯ ಲಗೇಜ್ ಆಟೋಗೆ ತುಂಬುತ್ತಿದ್ದಾಗ ನಾನು ಕಾಲೇಜಿಗೆ ಹೊರಟಿದ್ದವಳು ಗೇಟಿನ ಹತ್ತಿರ ನಿಂತೆ. ಕೊನೆಗೆ ಬಾಗಿಲ ಮೇಲಿನ ತಗಡಿನ ಬೋರ್ಡನ್ನು ಇಳಿಸಿದರು. 'ಎಲ್ಲಾ ತರಹದ ಸ್ಟವ್ ಮತ್ತು ಕುಕ್ಕರ್ ರಿಪೇರಿ ಮಾಡಲಾಗುವುದು' ಎಂದು ಪೇಂಟರ್ ಬರೆದಿದ್ದ. ಅದರ ಕೆಳಗೆ ಅವರೇ ಬ್ರಷ್ ಹಿಡಿದು ಸೇರಿಸಿದ್ದ ಇನ್ನೊಂದು ಸಾಲಿತ್ತು: 'ಅರ್ಜೆಂಟ್ ಇರುವವರು ಬೇರೆ ಕಡೆ ಹೋಗಬಹುದು.'

ಅವರು ತೀರಿಕೊಂಡು ಆಗ ಎರಡು ತಿಂಗಳಾಗಿತ್ತು. ಬೀದಿಯವರೆಲ್ಲ ಸ್ಟವ್ ಸಾಬ್ರು ಎನ್ನುತ್ತಿದ್ದರು. ನಾನು ಚಾಚಾ ಎನ್ನುತ್ತಿದ್ದೆ. ಹೆಸರನ್ನು ಅವರು ಅಂಗಡಿಯ ಬೋರ್ಡಿನ ಮೇಲೂ ಬರೆಸಿರಲಿಲ್ಲ. ಇಲ್ಲಿಯೂ ಅದು ಬೇಡ.

ಎತ್ತರದ ಆಳು, ತೆಳ್ಳಗೆ. ತಲೆಯ ಮೇಲೆ ಹೆಣೆದ ಬಿಳಿ ಟೋಪಿ, ಒಂದು ಕಡೆ ದಾರ ಕಟ್ಟಿದ ಕನ್ನಡಕ. ಹಿತ್ತಾಳೆ ಪಾತ್ರೆಗಳಿಗೆ ಕಲಾಯಿ ಹಾಕುವುದು ಅವರ ಮನೆತನದ ಕಸುಬು. ತುಮಕೂರಿನ ಅಡುಗೆಮನೆಗಳಿಗೆ ಸ್ಟೀಲ್ ಬಂದಾಗ ಅವರು ಸೀಮೆಎಣ್ಣೆ ಸ್ಟವ್‌ಗೆ ಬಂದರು. ಗ್ಯಾಸ್ ಬಂದಾಗ ಗ್ಯಾಸಿಗೆ. ರಿಪೇರಿಗೆ ಬಂದ ಸ್ಟವ್ವನ್ನು ಮುಟ್ಟುವುದಕ್ಕೆ ಮೊದಲು ಬಗ್ಗಿ ಮೂಸಿ ನೋಡುತ್ತಿದ್ದರು. 'ಹಾಲು ಉಕ್ಸಿದೀರಿ. ಒಂದ್ಸಲ ಅಲ್ಲ, ಮೂರ್ನಾಲ್ಕ್ ಸಲ' ಎಂದು ಹೇಳಿದರೆ ಎದುರಿಗೆ ನಿಂತ ಹೆಂಗಸು ತಲೆ ತಗ್ಗಿಸಬೇಕು, ಹಾಗೆ ಹೇಳುವರು. ಬೇರೆ ಅಂಗಡಿಯಲ್ಲಿ ಕೊಂಡ ಅಗ್ಗದ ಗ್ಯಾಸ್ಕೆಟ್ ಹಾಕಿಸಿಕೊಂಡು ಬಂದವರ ಕುಕ್ಕರನ್ನು ಹಾಗೇ ವಾಪಸ್ ಕೊಟ್ಟುಬಿಡುತ್ತಿದ್ದರು. ಮೃದು ಮನುಷ್ಯ ಎಂದು ಅವರನ್ನು ಯಾರೂ ಕರೆಯಲಾರರು.

ಅವರಿಗಿದ್ದ ಒಂದೇ ಚಟ ಸಾಲುಮನೆ ಆಟ. ಗೊತ್ತಿಲ್ಲದವರಿಗೆ ಹೇಳುತ್ತೇನೆ. ಒಂದರೊಳಗೊಂದು ಮೂರು ಚೌಕ. ನಾಲ್ಕೂ ಕಡೆ ನಡುಮಧ್ಯದಲ್ಲಿ ಅವುಗಳನ್ನು ಸೇರಿಸುವ ಗೆರೆ. ಗೆರೆ ಕೂಡುವ ಜಾಗಗಳೆಲ್ಲ ಮನೆಗಳು, ಒಟ್ಟು ಇಪ್ಪತ್ನಾಲ್ಕು. ಇಬ್ಬರು ಆಟಗಾರರಿಗೆ ಒಂಬತ್ತೊಂಬತ್ತು ಕಾಯಿ. ಒಬ್ಬರಾದ ಮೇಲೆ ಒಬ್ಬರು ಕಾಯಿ ಇಡುತ್ತ ಹೋಗಬೇಕು, ಎಲ್ಲ ಇಟ್ಟ ಮೇಲೆ ಪಕ್ಕದ ಮನೆಗೆ ನಡೆಸಬೇಕು. ಮೂರು ಕಾಯಿ ಒಂದೇ ಸಾಲಿಗೆ ಬಂದರೆ ಎದುರಾಳಿಯ ಒಂದು ಕಾಯಿಯನ್ನು ಎತ್ತಿಬಿಡಬಹುದು. ಹಾಗೆ ಎತ್ತಿ ಎತ್ತಿ ಎದುರಾಳಿಗೆ ಎರಡೇ ಕಾಯಿ ಉಳಿದರೆ ಅವನು ಸೋತಂತೆ. ದಾಳವಿಲ್ಲ, ಕವಡೆಯಿಲ್ಲ, ಅದೃಷ್ಟದ ಮಾತಿಲ್ಲ. ಸೋತರೆ ಬೈಯುವುದಕ್ಕೆ ತನ್ನ ಬುದ್ಧಿಯೊಂದೇ.

ಅವರ ಅಂಗಡಿಯ ಮುಂದೆ, ಚರಂಡಿಯ ಮೇಲೆ ಒಂದು ದೊಡ್ಡ ಕಲ್ಲುಚಪ್ಪಡಿ ಇತ್ತು. ಅವರ ತಂದೆ ಹತ್ತಿರದ ಕೋರ ಎಂಬ ಹಳ್ಳಿಯ ಕಡೆಯಿಂದ ಎತ್ತಿನಗಾಡಿಯಲ್ಲಿ ತಂದು ಹಾಸಿದ್ದು. ಅದರ ಮೇಲೆ ಉಳಿಯಿಂದ ಸಾಲುಮನೆ ಕೊರೆದಿದ್ದರು. ಮಧ್ಯಾಹ್ನದ ಹೊತ್ತು ವ್ಯಾಪಾರ ಕಡಿಮೆಯಾದಾಗ ಚಾಚಾ ಒಂದು ಕಡೆ, ಬೀದಿಯ ಯಾರಾದರೊಬ್ಬರು ಇನ್ನೊಂದು ಕಡೆ, ಸುತ್ತ ಏಳೆಂಟು ಜನ. ಆಡುವವರು ಇಬ್ಬರೇ ಆದರೂ ಕೂಗುವವರು ಎಲ್ಲರೂ. 'ಅಲ್ಲಿಕ್ಕಬೇಡ ಕಣ್ಲಾ!' 'ಬುಡು, ಓಯ್ತು ನಿನ್ ಕಾಯಿ!' ಚಾಚಾ ಮಾತ್ರ ಮಾತಾಡುತ್ತಿರಲಿಲ್ಲ. ಸಾಲು ಕೂಡಿದಾಗ ಮೆಲ್ಲಗೆ 'ಬಸ್' ಎಂದು, ಹಾಲಿನಲ್ಲಿ ಬಿದ್ದ ಕೂದಲು ತೆಗೆಯುವ ಹಾಗೆ ಎರಡೇ ಬೆರಳಲ್ಲಿ ಎದುರಾಳಿಯ ಕಾಯಿ ಎತ್ತುತ್ತಿದ್ದರು.

ಆ ಚಪ್ಪಡಿಯನ್ನು ಒಡೆಸಿದವರು ನಮ್ಮಪ್ಪ.

ಅಪ್ಪ ಕೋರದಲ್ಲಿ ಸರ್ಕಾರಿ ಶಾಲೆಯ ಮೇಷ್ಟ್ರಾಗಿದ್ದರು. ಬೆಳಿಗ್ಗೆ ಸ್ನಾನ, ವಿಭೂತಿ, ಶಿವಪೂಜೆ. ಸಂಜೆ ಬಂದ ಮೇಲೆ ಅರ್ಜಿ. ಬೀದಿದೀಪ ಉರಿಯದಿದ್ದರೆ ಅರ್ಜಿ, ನಲ್ಲಿಯಲ್ಲಿ ಕೆಂಪು ನೀರು ಬಂದರೆ ಅರ್ಜಿ. ಅವರ ಅಕ್ಷರ ಅಚ್ಚು ಹಾಕಿದ ಹಾಗಿತ್ತು, ಅದರ ಬಗ್ಗೆ ಅವರಿಗೆ ಹೆಮ್ಮೆಯೂ ಇತ್ತು. ನಾನು ಎರಡನೇ ಪಿಯುಸಿ ಓದುತ್ತಿದ್ದ ವರ್ಷ, ಪರೀಕ್ಷೆಗೆ ಮನೆಯಲ್ಲಿ ಕೂತು ಓದುವಾಗ ಎದುರಿನ ಗಲಾಟೆ ನಿಲ್ಲುತ್ತಿಲ್ಲವೆಂದು ಒಂದು ಸಲ ಹೇಳಿ ನೋಡಿದರು. ಮೂರು ದಿನ ನಿಂತಿತು, ನಾಲ್ಕನೇ ದಿನ ಮತ್ತೆ ಶುರುವಾಯಿತು. ಆಮೇಲೆ ಪಾಲಿಕೆಗೆ ಅರ್ಜಿ ಹೋಯಿತು: ಚರಂಡಿಯ ಮೇಲೆ ಒತ್ತುವರಿ, ಸಾರ್ವಜನಿಕರಿಗೆ ತೊಂದರೆ, ಇತ್ಯಾದಿ. ಒಂದು ದಿನ ಜೆಸಿಬಿ ಬಂತು. ಚಪ್ಪಡಿ ಎರಡು ಏಟಿಗೆ ನಾಲ್ಕು ಹೋಳಾಯಿತು. ಚಾಚಾ ಕೈಯನ್ನು ಬೆನ್ನ ಹಿಂದೆ ಕಟ್ಟಿಕೊಂಡು ನೋಡಿದರು. ಜೆಸಿಬಿ ಹೋದ ಮೇಲೆ ಪೊರಕೆ ತಂದು ಪುಡಿ ಗುಡಿಸಿದರು. ನಮ್ಮ ಮನೆಯ ಕಡೆ ತಿರುಗಿಯೂ ನೋಡಲಿಲ್ಲ.

ಅವತ್ತಿನಿಂದ ಎರಡು ಮನೆಗೂ ಮಾತು ನಿಂತಿತು. ಒಂದೆರಡು ವರ್ಷವಲ್ಲ, ಹನ್ನೆರಡು ವರ್ಷ. ಬೀದಿಯ ಅಗಲ ಇಪ್ಪತ್ತು ಅಡಿ. ಅಪ್ಪ ಬಾಗಿಲು ತೆಗೆದರೆ ಎದುರಿಗೆ ಅವರು, ಅವರು ಶಟರ್ ಎತ್ತಿದರೆ ಎದುರಿಗೆ ಅಪ್ಪ. ನೋಡಿಯೂ ನೋಡದ ಹಾಗೆ ಇರುವುದನ್ನು ಇಬ್ಬರೂ ಅಭ್ಯಾಸ ಮಾಡಿಕೊಂಡರು.

ಕಷ್ಟವಾದದ್ದು ಅಮ್ಮನಿಗೆ. ಕುಕ್ಕರ್ ಕೆಟ್ಟರೆ ಎದುರಿನ ಅಂಗಡಿ ಬಿಟ್ಟು ಬಸ್‌ಸ್ಟ್ಯಾಂಡ್ ತನಕ ಹೊತ್ತುಕೊಂಡು ಹೋಗಬೇಕು. ಅಮ್ಮ ಹಾಗೆ ಹೋಗಲಿಲ್ಲ. ಪಕ್ಕದ ಮನೆಯಾಕೆಯ ಕೈಗೆ ಕೊಟ್ಟು, ಅವಳ ಕುಕ್ಕರ್ ಎಂದು ಹೇಳಿಸಿ ರಿಪೇರಿ ಮಾಡಿಸಿಕೊಂಡು ಬರುತ್ತಿದ್ದಳು. ವರ್ಷಗಟ್ಟಲೆ ಈ ಗುಟ್ಟು ನಡೆಯಿತು. ಅದು ಗುಟ್ಟೇ ಆಗಿರಲಿಲ್ಲ ಎಂದು ಗೊತ್ತಾದದ್ದು ಆಮೇಲೆ. 'ಮೇಷ್ಟ್ರ ಮನೆ ಕುಕ್ಕರ್ ನಂಗ್ ಗೊತ್ತಾಗಲ್ವೇನಮ್ಮಾ? ನೀವು ಬೇಳೆಗೆ ನೀರು ಕಮ್ಮಿ ಹಾಕ್ತೀರಿ. ತಳ ಒಂದೇ ಕಡೆ ಸೀದಿರುತ್ತೆ' ಎಂದು ಚಾಚಾ ಒಂದು ದಿನ ಹೇಳಿದಾಗ ಅಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡು ಅಡುಗೆಮನೆಗೆ ಓಡಿದಳು.

ಆದರೆ ಅದು ಮಾತು ಶುರುವಾದ ಮೇಲಿನ ಕಥೆ. ಮಾತು ಶುರುವಾದದ್ದು ಹೀಗೆ.

ಅಪ್ಪ ನಿವೃತ್ತರಾಗಿ ಆರು ವರ್ಷವಾಗಿತ್ತು. ಒಂದು ಬೆಳಿಗ್ಗೆ ಪೂಜೆಗೆ ಕೂತವರು ಪಕ್ಕಕ್ಕೆ ವಾಲಿದರು. ಬಲಗೈ, ಬಲಗಾಲು, ಮಾತು ಮೂರೂ ಒಂದೇ ಸಲ ಹೋದವು. ಆಸ್ಪತ್ರೆಯಿಂದ ಎರಡು ವಾರಕ್ಕೆ ಮನೆಗೆ ಕಳಿಸಿದರು. ಕಾಲು ಸ್ವಲ್ಪ ಸ್ವಲ್ಪ ಕೇಳತೊಡಗಿತು. ಕೈ ಮಾತ್ರ ತೊಡೆಯ ಮೇಲೆ ಬೇರೆ ಯಾರದೋ ಸಾಮಾನಿನ ಹಾಗೆ ಬಿದ್ದಿರುತ್ತಿತ್ತು. ಬಾಯಿಂದ ಬರುತ್ತಿದ್ದುದು 'ಆ', 'ಊ', ಅಷ್ಟೇ. ವ್ಯಾಯಾಮ ಮಾಡಿಸಲು ಬರುತ್ತಿದ್ದ ಫಿಸಿಯೋಥೆರಪಿ ಹುಡುಗಿಯನ್ನು ಕಂಡರೆ ಕಣ್ಣು ಮುಚ್ಚಿಬಿಡುತ್ತಿದ್ದರು. ಅವಳು ಕೈಗೆ ಸ್ಪಾಂಜಿನ ಚೆಂಡು ಕೊಟ್ಟರೆ ಎಡಗೈಯಲ್ಲಿ ತೆಗೆದು ಎಸೆಯುತ್ತಿದ್ದರು. ನೆಂಟರು ಬಂದರೆ ಗೋಡೆಯ ಕಡೆ ಹೊರಳುತ್ತಿದ್ದರು. 'ಮನಸ್ಸು ಮಾಡಿದ್ರೆ ಕೈ ಬರುತ್ತೆ ಮೇಡಂ, ಮೊದಲ ಆರು ತಿಂಗಳೇ ಮುಖ್ಯ' ಎಂದು ಆ ಹುಡುಗಿ ನನಗೆ ಹೇಳುತ್ತಿದ್ದಳು. ಒಂದೂವರೆ ತಿಂಗಳು ಹಾಗೇ ಕಳೆದಿತ್ತು.

ಆಗ ಒಂದು ಭಾನುವಾರ, ಮಧ್ಯಾಹ್ನ ನಾಲ್ಕರ ಹೊತ್ತಿಗೆ, ಬಾಗಿಲಲ್ಲಿ ಚಾಚಾ ನಿಂತಿದ್ದರು. ಕೈಯಲ್ಲಿ ಒಂದು ಬಟ್ಟೆಯ ಗಂಟು.

'ಮೇಷ್ಟ್ರು ಇದಾರಾ?'

ಅಮ್ಮ ಒಳಗೊಮ್ಮೆ ತಿರುಗಿ ನೋಡಿದಳು. 'ಇದಾರೆ. ಆದ್ರೆ ಯಾರನ್ನೂ ನೋಡಲ್ಲ.'

'ನನ್ನನ್ನ ಹನ್ನೆರಡ್ ವರ್ಷದಿಂದ ನೋಡಿಲ್ಲ ಅವ್ರು. ಹೊಸದೇನಲ್ಲ ಬುಡಿ' ಎಂದು ಚಪ್ಪಲಿ ಬಿಟ್ಟು ಒಳಗೆ ಬಂದರು.

ಅಪ್ಪ ಕುರ್ಚಿಯಲ್ಲಿದ್ದರು. ನೋಡಿ ಮುಖ ತಿರುಗಿಸಿದರು. ಚಾಚಾ ಟೀಪಾಯಿಯನ್ನು ಅವರ ಮುಂದಕ್ಕೆ ಎಳೆದು, ಜೇಬಿನಿಂದ ಸೀಮೆಸುಣ್ಣ ತೆಗೆದು, ಅಮ್ಮ ದಿನಾ ಒರೆಸಿ ಹೊಳೆಯುವ ಹಾಗೆ ಇಟ್ಟಿದ್ದ ಮರದ ಮೇಲೆ ಮೂರು ಚೌಕ ಬರೆದರು. ಗಂಟು ಬಿಚ್ಚಿದರು. ಒಂಬತ್ತು ಕರಿಯ ಸ್ಟವ್ ನಾಬ್‌ಗಳು ಅಪ್ಪನ ಕಡೆಗೆ, ಒಂಬತ್ತು ಹಿತ್ತಾಳೆಯ ಬರ್ನರ್ ಮುಚ್ಚಳಗಳು ತಮ್ಮ ಕಡೆಗೆ. ಒಂದು ಮುಚ್ಚಳವನ್ನು ಮನೆಯಲ್ಲಿಟ್ಟು, 'ಈಗ ನಿಮ್ ಆಟ' ಎಂದರು.

ಅಪ್ಪ ಅಲ್ಲಾಡಲಿಲ್ಲ. ಚಾಚಾ ಮುಕ್ಕಾಲು ಗಂಟೆ ಸುಮ್ಮನೆ ಕೂತಿದ್ದರು. ಅಮ್ಮ ಕಾಫಿ ತಂದಳು, ಕುಡಿದರು. ಎದ್ದರು. 'ಅದನ್ನ ಅಳಿಸ್ಬೇಡಿ ಅಮ್ಮ. ನಾಳೆ ಬರ್ತೀನಿ.'

ಮರುದಿನವೂ ಅದೇ. ಮೂರನೇ ದಿನ ನಾನು ಗುಬ್ಬಿಯ ಕಾಲೇಜಿನಲ್ಲಿ ಪಾಠ ಮಾಡಿ ಮುಗಿಸಿ ಬೇಗ ಬಂದಿದ್ದೆ. ನಡೆದದ್ದನ್ನೆಲ್ಲ ಕಣ್ಣಾರೆ ಕಂಡೆ. ಅಪ್ಪ ಬಹಳ ಹೊತ್ತು ಟೀಪಾಯಿ ನೋಡಿ, ಎಡಗೈ ಚಾಚಿ, ಒಂದು ನಾಬನ್ನು ಚಾಚಾ ಇಟ್ಟ ಕಾಯಿಯ ಎದುರಿನ ಮನೆಯಲ್ಲಿಟ್ಟರು. ನಾನು ಖುಷಿಯಿಂದ ಅಮ್ಮನ ಕೈ ಹಿಡಿದೆ. ಚಾಚಾ ಆ ನಾಬನ್ನು ಎತ್ತಿ ಅಪ್ಪನ ಮಡಿಲ ಹತ್ತಿರಕ್ಕೆ ವಾಪಸ್ ತಳ್ಳಿದರು.

'ಎಡಗೈಲಿ ಇಟ್ಟಿದ್ದು ಆಟ ಅಲ್ಲ ಮೇಷ್ಟ್ರೇ. ಬಲಗೈಲಿ ಇಡಿ.'

ಅಪ್ಪನ ಮುಖ ಕೆಂಪಾಯಿತು. ಎಡ ಮೊಣಕೈ ಬೀಸಿ ಟೀಪಾಯಿಯ ಮೇಲಿದ್ದುದನ್ನೆಲ್ಲ ನೆಲಕ್ಕೆ ಕೆಡವಿದರು. ನಾಬ್‌ಗಳು ಮಂಚದ ಕೆಳಗೆ, ಬೀರುವಿನ ಕೆಳಗೆ ಉರುಳಿದವು. ನಾನು ಹೆಕ್ಕಲು ಬಗ್ಗಿದೆ. 'ನೀನ್ ಮುಟ್ಬೇಡ ಮಗಾ' ಎಂದರು ಚಾಚಾ. ಆ ವಯಸ್ಸಿನಲ್ಲಿ ಮಂಡಿಯೂರಿ, ಹೊಟ್ಟೆಯ ಮೇಲೆ ಮಲಗಿ, ಹದಿನೆಂಟನ್ನೂ ಹೊರಕ್ಕೆ ತೆಗೆದರು. ಅಳಿಸಿದ ಗೆರೆಗಳನ್ನು ಮತ್ತೆ ಎಳೆದರು. ತಮ್ಮ ಮುಚ್ಚಳವನ್ನು ಮೊದಲಿದ್ದ ಮನೆಯಲ್ಲೇ ಇಟ್ಟರು.

'ಈಗ್ಲೂ ನಿಮ್ದೇ ಆಟ.'

ನನಗೆ ತಡೆಯಲಾರದ ಸಿಟ್ಟು ಬಂತು. ಅಮ್ಮನನ್ನು ಅಡುಗೆಮನೆಗೆ ಎಳೆದುಕೊಂಡು ಹೋಗಿ, 'ಇದೇನಮ್ಮ, ಕೈಲಾಗದೇ ಇರೋರ ಮೇಲೆ ಸೇಡು ತೀರಿಸ್ಕೊಳ್ತಾ ಇದಾರಾ? ಹೋಗೋಕ್ ಹೇಳು' ಎಂದೆ.

ಅಮ್ಮ ಬಾಗಿಲ ಸಂದಿಯಿಂದ ನೋಡುತ್ತ ನಿಂತಿದ್ದಳು. 'ತೀರಿಸ್ಕೊಳ್ಲಿ ಬಿಡೇ. ಅಲ್ನೋಡು' ಎಂದಳು.

ಅಪ್ಪ ಎಡಗೈಯಿಂದ ಬಲಗೈಯನ್ನು ಎತ್ತಿ ಟೀಪಾಯಿಯ ಮೇಲೆ ಹಾಕಿದ್ದರು. ಮಡಚಿದ ಬೆರಳುಗಳು ನಾಬಿನ ಮೇಲೆ ಬಿದ್ದಿದ್ದವು. ಭುಜದಿಂದ ಎಳೆದರು, ನಾಬು ಜಾರಿತು. ಮತ್ತೆ ಎಳೆದರು. ಹಣೆಯ ಬೆವರಿಗೆ ವಿಭೂತಿ ಕರಗಿ ಹುಬ್ಬಿಗಿಳಿಯಿತು. ಅಮ್ಮ ಸಹಾಯಕ್ಕೆಂದು ಒಂದು ಹೆಜ್ಜೆ ಇಟ್ಟಾಗ ಚಾಚಾ ನೋಡದೆಯೇ ಕೈ ಎತ್ತಿ ತಡೆದರು. ಆ ಒಂದು ಕಾಯಿ ಒಂದು ಗೇಣು ದೂರ ಹೋಗಿ ಮನೆ ಸೇರುವುದಕ್ಕೆ ಕಾಲು ಗಂಟೆ ಹಿಡಿಯಿತು. ಸೇರಿದ ಮೇಲೆ ಚಾಚಾ ಶಭಾಷ್ ಅನ್ನಲಿಲ್ಲ. ಅರೆಕ್ಷಣವೂ ಯೋಚಿಸದೆ ತಮ್ಮ ಎರಡನೇ ಕಾಯಿ ಇಟ್ಟರು.

ಆ ಆಟ ಮುಗಿಯಲು ನಾಲ್ಕು ದಿನ ಬೇಕಾಯಿತು. ಅಪ್ಪ ಸೋತರು.

ಆಮೇಲೆ ಚಾಚಾ ದಿನವೂ ಬಂದರು. ಶುಕ್ರವಾರ ಮಾತ್ರ ಸ್ವಲ್ಪ ತಡ. ಅಪ್ಪ ಪೂಜೆಯಲ್ಲಿದ್ದರೆ ಜಗಲಿಯ ಮೇಲೆ ಕಾಯುತ್ತಿದ್ದರು. ಆಟದ ನಡುವೆ ನಮಾಜಿನ ಹೊತ್ತಾದರೆ ಎದ್ದು ಹೋಗಿ ಬಂದು ಕೂರುತ್ತಿದ್ದರು. ಅಪ್ಪನಿಗೆ ಒಂದು ಆಟವನ್ನೂ ಬಿಟ್ಟುಕೊಡಲಿಲ್ಲ. ತಿಂಗಳುಗಟ್ಟಲೆ ಅಪ್ಪ ಸೋಲುತ್ತಲೇ ಇದ್ದರು. 'ಒಂದೇ ಒಂದ್ಸಲ ಸೋತ್ರೆ ಏನಾಗುತ್ತೆ ಚಾಚಾ, ಉತ್ಸಾಹ ಬರುತ್ತಲ್ಲ' ಎಂದು ನಾನು ಹೊರಗೆ ಹಿಡಿದು ಕೇಳಿದೆ. 'ನಿಮ್ಮಪ್ಪ ಮೇಷ್ಟ್ರು. ಸುಳ್ ಮಾರ್ಕ್ಸ್ ಹಾಕಿದ್ರೆ ಗೊತ್ತಾಗಲ್ವಾ ಅವ್ರಿಗೆ?' ಎಂದು ಹೊರಟುಹೋದರು.

ಒಂದು ವಿಷಯವನ್ನು ನಾನು ತಡವಾಗಿ ಗಮನಿಸಿದೆ. ಕಾಯಿಗಳು ಸಣ್ಣವಾಗುತ್ತಿದ್ದವು. ದಪ್ಪ ನಾಬ್‌ಗಳು ಹೋಗಿ ಕುಕ್ಕರ್ ವಾಲ್ವ್‌ಗಳು ಬಂದವು. ಅವು ಹೋಗಿ ನಟ್ಟುಗಳು ಬಂದವು. ಫಿಸಿಯೋಥೆರಪಿ ಹುಡುಗಿ ಒಂದು ದಿನ ಬಾಗಿಲಲ್ಲಿ ನಿಂತು ನೋಡಿ, 'ಯಾರ್ ಸರ್ ನಿಮಗೆ ಇದನ್ನ ಹೇಳಿಕೊಟ್ಟಿದ್ದು?' ಎಂದು ಚಾಚಾನನ್ನು ಕೇಳಿದಳು. 'ಯಾವ್ದನ್ನ?' ಎಂದರು ಅವರು. ಕೊನೆಗೆ ಬಂದದ್ದು ಹುಣಸೆಬೀಜ. ಎರಡು ಬೆರಳಲ್ಲಿ ಹುಣಸೆಬೀಜ ಎತ್ತಲು ಅಪ್ಪ ಪಟ್ಟ ಪಾಡು, ಅವರ ಬಾಯಿಂದ ಬಂದ ಬೈಗುಳ, ಎರಡನ್ನೂ ನಾವು ಮರೆಯಲಾರೆವು.

ಹೌದು, ಆ ಹೊತ್ತಿಗೆ ಬೈಗುಳ ಬರುತ್ತಿತ್ತು. ಮಾತು ಮರಳಿದ್ದು ಮೂರನೇ ತಿಂಗಳಲ್ಲಿ. ಒಂದು ದಿನ ಆಟದ ನಡುವೆ ಚಾಚಾ ತಮ್ಮ ಕಾಯಿಯನ್ನು ಒಂದು ಮನೆ ದಾಟಿಸಿ ಎರಡನೇ ಮನೆಯಲ್ಲಿಟ್ಟರು, 'ಬಸ್' ಎಂದು ಅಪ್ಪನ ಕಾಯಿಗೆ ಕೈ ಹಾಕಿದರು. ಹಾಗೆ ದಾಟಿಸುವಂತಿಲ್ಲ, ಪಕ್ಕದ ಮನೆಗಷ್ಟೇ ನಡೆಸಬೇಕು. ಅಪ್ಪನ ಕಣ್ಣು ಅಗಲವಾಯಿತು. ಬಾಯಿ ತೆರೆದು ಮುಚ್ಚಿತು. ಕುತ್ತಿಗೆಯ ನರ ಬಿಗಿಯಿತು.

'ಮೋ... ಮೋ... ಮೋಸ!'

ಅಡುಗೆಮನೆಯಲ್ಲಿ ಅಮ್ಮನ ಕೈಯ ಲೋಟ ಬಿತ್ತು. ಎರಡೂವರೆ ತಿಂಗಳ ಮೇಲೆ ಅಪ್ಪ ಆಡಿದ ಮೊದಲ ಮಾತು ಅದು.

'ಹೌದಾ?' ಚಾಚಾ ಕನ್ನಡಕ ಸರಿಮಾಡಿಕೊಂಡು ಬಗ್ಗಿ ನೋಡಿದರು. 'ಹೌದಲ್ಲ. ಕಣ್ಣು ಸರಿಯಾಗ್ ಕಾಣ್ಸಲ್ಲ ಮೇಷ್ಟ್ರೇ.' ಕಾಯಿಯನ್ನು ವಾಪಸ್ ಇಟ್ಟರು. ಬರ್ನರಿನಲ್ಲಿ ಕೂದಲೆಳೆಯಷ್ಟು ಬಿರುಕಿದ್ದರೂ ಮಾರು ದೂರದಿಂದ ಹೇಳುವ ಕಣ್ಣು ಅದು. ಅವರು ಆಟದಲ್ಲಿ ಮೋಸ ಮಾಡಿದ್ದನ್ನು ಬೀದಿಯಲ್ಲಿ ಯಾರೂ ಅದಕ್ಕೆ ಮೊದಲು ಕಂಡಿರಲಿಲ್ಲ, ಆಮೇಲೂ ಕಾಣಲಿಲ್ಲ.

ಇಷ್ಟೆಲ್ಲ ಓದಿ ಅವರನ್ನು ದೊಡ್ಡ ಸಂತ ಎಂದುಕೊಳ್ಳಬೇಡಿ. ಗೆದ್ದರೆ ಬೀದಿಗೆಲ್ಲ ಕೇಳುವ ಹಾಗೆ ಹೇಳುತ್ತಿದ್ದರು. ಒಂದು ವರ್ಷವಾಗುವ ಹೊತ್ತಿಗೆ ಅಪ್ಪ ಮೊದಲ ಸಲ ಗೆದ್ದಾಗ, ಚಾಚಾ ಟೀಪಾಯಿಯನ್ನು ಐದು ನಿಮಿಷ ನೋಡಿ, ಒಲೆಯ ಮೇಲಿದ್ದ ಕಾಫಿಯನ್ನೂ ಕಾಯದೆ ಚಪ್ಪಲಿ ಮೆಟ್ಟಿಕೊಂಡು ಹೋದರು. ಎರಡು ದಿನ ಬರಲಿಲ್ಲ. ಶಟರ್ ಅರ್ಧ ಎಳೆದುಕೊಂಡು ಒಳಗೆ ಏನೋ ಕುಟ್ಟುತ್ತಿದ್ದರು. ಮೂರನೇ ದಿನ ಮುಖ ಗಂಟು ಹಾಕಿಕೊಂಡೇ ಬಂದು ಕೂತರು. ಅಪ್ಪ ಆ ಎರಡು ದಿನ ಕಿಟಕಿಯ ಹತ್ತಿರವೇ ಕುರ್ಚಿ ಹಾಕಿಸಿಕೊಂಡಿದ್ದರು ಎಂದು ನಾನು ಚಾಚಾಗೆ ಹೇಳಲಿಲ್ಲ.

ಚಾಚಾನ ಮೊಮ್ಮಗಳು ಅವರಿಗೆ ಫೋನಿನಲ್ಲಿ ಇದೇ ಆಟ ಹಾಕಿಕೊಟ್ಟಿದ್ದಳಂತೆ. ಒಂದು ವಾರ ಆಡಿ ಬಿಟ್ಟರು. 'ಇದು ಕೆಮ್ಮಲ್ಲ, ತಲೆ ಕೆರ್ಕಳಲ್ಲ, ಎದ್ದೋಗ್ ನೀರು ಕುಡ್ಯಲ್ಲ. ಇದ್ರ ಮನಸಲ್ಲಿ ಏನೈತೆ ಅಂತ ಹೆಂಗ್ ತಿಳ್ಕಳೋದು?' ಎಂದು ದೂರಿದರು. ಅವರ ಪ್ರಕಾರ ಆಟದಲ್ಲಿ ಕಾಯಿ ನೋಡುವುದು ಕಾಲುಭಾಗ. ಮುಕ್ಕಾಲು ಎದುರಿಗಿರುವವರನ್ನು ನೋಡುವುದು.

ಅಪ್ಪನ ಬೆರಳು ಪೆನ್ನು ಹಿಡಿಯುವಷ್ಟು ಆದಾಗ ಅವರು ಮಾಡಿದ ಮೊದಲ ಕೆಲಸ, ಮತ್ತೇನು, ಅರ್ಜಿ. ಪಾಲಿಕೆಯ ಆಯುಕ್ತರಿಗೆ. ಎದುರಿನ ಅಂಗಡಿಯವರಿಗೆ ಚರಂಡಿಯ ಮೇಲೆ ಕಲ್ಲುಚಪ್ಪಡಿ ಹಾಕಿಕೊಳ್ಳಲು ಅನುಮತಿ ಕೊಡಬೇಕು, ಹಿಂದೆ ತಾವೇ ಕೊಟ್ಟ ದೂರು ಸರಿಯಾಗಿರಲಿಲ್ಲ ಎಂದು. ನಾಲ್ಕು ಸಾಲು ಬರೆಯಲು ಒಂದು ಬೆಳಿಗ್ಗೆ ಪೂರ್ತಿ ಹಿಡಿದಿತ್ತು. ಅಕ್ಷರಗಳು ಮಳೆಯಲ್ಲಿ ನೆನೆದ ಕೋಳಿಮರಿಗಳ ಹಾಗೆ ಚದುರಿದ್ದವು. ಅದನ್ನು ಚಾಚಾ ಬಂದಾಗ ಅವರ ಮುಂದೆ ತಳ್ಳಿ, 'ಸಾಬ್ರೇ, ಅವತ್ತು ನಾನು...' ಎಂದು ಶುರು ಮಾಡಿದರು.

'ಆಟದ್ ಮಧ್ಯ ಬೇರೆ ಮಾತು ಬೇಡ' ಎಂದರು ಚಾಚಾ. ಕಾಗದವನ್ನು ಮಾತ್ರ ಎತ್ತಿಕೊಂಡು ಓದಿದರು. ಓದಿ ವಾಪಸ್ ಕೊಟ್ಟರು. 'ಅಕ್ಷರ ನೆಟ್ಟಗಿಲ್ಲ. ನಿಮ್ ಹೆಸರಿಗೇ ಅವಮಾನ ಇದು. ಇನ್ನೊಂದ್ಸಲ ಬರೀರಿ.'

ಅಪ್ಪ ಇನ್ನೊಂದು ಸಲ ಬರೆದರು. ಅದಕ್ಕೂ ಏನೋ ಕೊಂಕು. ಹೀಗೆ ಏಳು ಸಲ ಬರೆಸಿದರು. ಏಳನೆಯದನ್ನು ಮಡಚಿ ಜೇಬಿನಲ್ಲಿಟ್ಟುಕೊಂಡರು. ಪಾಲಿಕೆಗೆ ಕೊಡಲಿಲ್ಲ. 'ಆ ಕಾಲದ್ ಕಲ್ಲು ಈಗೆಲ್ಲಿ ಸಿಗುತ್ತೆ' ಎಂದು ಅಷ್ಟಕ್ಕೇ ಬಿಟ್ಟರು.

ನನಗೂ ಅವರಿಗೂ ನಡುವೆ ಒಂದು ಮಾತು ಬಾಕಿ ಇತ್ತು. ಅದು ಆದದ್ದು ಬಸ್ಸಿನಲ್ಲಿ. ಗುಬ್ಬಿಯ ಸಂತೆಯ ದಿನ ಅವರು ಉಪಕರಣದ ಚೀಲ ಹಿಡಿದು ಅಲ್ಲಿಗೆ ಹೋಗುತ್ತಿದ್ದರು. ಸಂತೆಗೆ ಬಂದ ಹಳ್ಳಿಯವರ ಸ್ಟವ್‌ಗಳನ್ನು ಕೂತಲ್ಲೇ ಸರಿಮಾಡಿ ಕೊಡುವುದು, ಬಿಡುವಾದರೆ ಒಬ್ಬ ಕೊಬ್ಬರಿ ವ್ಯಾಪಾರಿಯ ಜೊತೆ ಆಡುವುದು. ಆ ದಿನ ನನ್ನ ಪಕ್ಕದ ಸೀಟು ಸಿಕ್ಕಿತು. ಚೀಲವನ್ನು ಕಾಲ ಸಂದಿಗಿಟ್ಟು ಕೂತು, ಟಿಕೆಟ್ ತೆಗೆದುಕೊಂಡ ಮೇಲೆ, ಕಿಟಕಿಯ ಕಡೆ ನೋಡುತ್ತಲೇ ಕೇಳಿದರು.

'ಆ ವರ್ಷ ನಿಂದು ಎಷ್ಟ್ ಮಾರ್ಕ್ಸ್ ಬಂತು ಮಗಾ?'

ಯಾವ ವರ್ಷ ಎಂದು ನಾನು ಕೇಳಬೇಕಾಗಿರಲಿಲ್ಲ. ಸುಳ್ಳು ಹೇಳಬಹುದಿತ್ತು. ಈಗ ಲೆಕ್ಚರರ್ ಆಗಿದ್ದೇನೆ, ಯಾರಿಗೆ ಗೊತ್ತಾಗುತ್ತದೆ.

'ಮ್ಯಾಥ್ಸಲ್ಲಿ ಫೇಲ್ ಆದೆ ಚಾಚಾ.'

ಅವರು ಪೂರ್ತಿ ನನ್ನ ಕಡೆ ತಿರುಗಿದರು. 'ಫೇಲಾ?'

'ಹೂಂ. ಸಪ್ಲಿಮೆಂಟರಿ ಕಟ್ಟಿ ಪಾಸ್ ಮಾಡ್ಕೊಂಡೆ. ಆಮೇಲೆ ಆರ್ಟ್ಸ್ ತಗೊಂಡೆ.'

ಆಮೇಲೆ ಅವರ ಭುಜ ಕುಲುಕತೊಡಗಿತು. ನಕ್ಕರು, ನಕ್ಕರು, ಕೆಮ್ಮು ಬಂತು, ಕೆಮ್ಮುತ್ತಲೇ ನಕ್ಕರು. ಮುಂದಿನ ಸೀಟಿನವರು ತಿರುಗಿ ನೋಡಿದರು. 'ಅಲ್ಲ ಕಣಮ್ಮ, ಜೆಸಿಬಿ ತರಿಸಿ ಕಲ್ ಒಡ್ಸಿ, ಇಷ್ಟೆಲ್ಲಾ ಮಾಡಿ... ಫೇಲಾ?' ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. ನನಗೂ ನಗು ಬಂತು. ಹದಿನೈದು ವರ್ಷ ಎದೆಯ ಮೇಲೆ ಕೂತಿದ್ದ ವಿಷಯಕ್ಕೆ ಗುಬ್ಬಿ ಬರುವ ತನಕ ನಕ್ಕೆವು.

ಆ ಸಲಿಗೆಯಲ್ಲೇ ಕೇಳಿಬಿಟ್ಟೆ. 'ಅಪ್ಪನ್ನ ಕ್ಷಮಿಸಿದೀರಾ ಚಾಚಾ?'

'ಇಲ್ಲ' ಎಂದರು. ಯೋಚಿಸಲೂ ಇಲ್ಲ. 'ಯಾರ್ ಹೇಳಿದ್ದು ನಿಂಗೆ? ನಮ್ಮಬ್ಬಾ ತಂದ್ ಹಾಕಿದ್ದ ಕಲ್ಲು ಅದು. ಈಗ್ಲೂ ಶಟರ್ ಎತ್ತುವಾಗ ಕಾಲು ಅಲ್ಲೇ ಹುಡುಕುತ್ತೆ. ಕೋಪ ಐತೆ.'

'ಮತ್ತೆ ದಿನಾ ಯಾಕ್ ಬರ್ತೀರಿ?'

'ಕೋಪ ಇದ್ರೆ ಬರಬಾರ್ದು ಅಂತ ಎಲ್ಲೈತೆ? ಬೀದೀಲಿ ಸರಿಯಾಗ್ ತಲೆ ಓಡ್ಸೋರು ಅವ್ರೊಬ್ರೇ ಕಣಮ್ಮ. ಅವ್ರು ಗೋಡೆ ನೋಡ್ಕಂಡ್ ಮಲಗಿದಾರೆ ಅಂತ ಕೇಳ್ದೆ. ಸಂಕಟ ಆಯ್ತು.' ಚೀಲ ಎತ್ತಿಕೊಂಡು ಇಳಿದರು. ಸಂತೆಯ ಜನದಲ್ಲಿ ಬಿಳಿ ಟೋಪಿ ಸ್ವಲ್ಪ ದೂರ ಕಂಡಿತು.

ನಾಲ್ಕು ವರ್ಷ ಹೀಗೆ ನಡೆಯಿತು. ಅಪ್ಪ ಕೋಲು ಹಿಡಿದು ನಡೆಯುವಂತಾದರು. ತಮ್ಮ ಇಷ್ಟಲಿಂಗವನ್ನು ತಾವೇ ಅಂಗೈಯಲ್ಲಿಟ್ಟು ಪೂಜೆ ಮಾಡಿಕೊಳ್ಳುವಂತಾದರು. ಆಟದಲ್ಲಿ ಹತ್ತಕ್ಕೆ ಮೂರು ಗೆಲ್ಲುತ್ತಿದ್ದರು. ಚಾಚಾನ ಲೆಕ್ಕದಲ್ಲಿ ಎರಡು.

ಚಾಚಾನ ಕೆಮ್ಮು ಹೆಚ್ಚುತ್ತ ಬಂದದ್ದನ್ನು ನಾವೆಲ್ಲ ನೋಡಿದೆವು. ಚಿಕ್ಕ ವಯಸ್ಸಿನಿಂದ ಕಲಾಯಿಯ ಹೊಗೆ ಕುಡಿದ ಎದೆ. ಈ ವರ್ಷ ಬೇಸಿಗೆಯ ಹೊತ್ತಿಗೆ ನಮ್ಮ ಜಗಲಿಯ ಮೂರು ಮೆಟ್ಟಿಲು ಹತ್ತುವುದಕ್ಕೆ ಎರಡು ಸಲ ನಿಲ್ಲುತ್ತಿದ್ದರು. ಆಮೇಲೆ ಆಸ್ಪತ್ರೆಗೆ ಸೇರಿಸಿದರು. ನೋಡಲು ಹೋಗಬೇಕೆಂದು ಅಪ್ಪ ಹಟ ಹಿಡಿದರು. ಒಂದು ಮಂಗಳವಾರ ಮಧ್ಯಾಹ್ನ ಆಟೋದಲ್ಲಿ ಕರೆದುಕೊಂಡು ಹೋದೆ.

ಹಾಸಿಗೆಯ ತಲೆಭಾಗವನ್ನು ಎತ್ತರಿಸಿದ್ದರು. ಮುಖಕ್ಕೆ ಆಕ್ಸಿಜನ್ ಮಾಸ್ಕ್. ಪಕ್ಕದ ಸ್ಟೂಲಿನಲ್ಲಿ ಚಾಚಿ ಜಪಮಣಿ ತಿರುಗಿಸುತ್ತ ಕೂತಿದ್ದರು. ನಮ್ಮನ್ನು ಕಂಡು ಎದ್ದು, ಅಪ್ಪನಿಗೆ ಸ್ಟೂಲು ಬಿಟ್ಟುಕೊಟ್ಟರು. ಅಪ್ಪ 'ಹೇಗಿದ್ದೀರಿ' ಎಂದು ಕೇಳಲಿಲ್ಲ. ಅಂಗಿಯ ಜೇಬಿನಿಂದ ಮಡಚಿದ ರಟ್ಟೊಂದನ್ನು ತೆಗೆದರು. ಮನೆಯಲ್ಲೇ ಸ್ಕೇಲ್ ಇಟ್ಟು ಗೆರೆ ಹಾಕಿಕೊಂಡಿದ್ದರು. ಒಂದು ಪೊಟ್ಟಣದಲ್ಲಿ ಹುಣಸೆಬೀಜ, ಇನ್ನೊಂದರಲ್ಲಿ ಅಡಿಕೆ ಚೂರು. ಊಟದ ಟೇಬಲನ್ನು ಹಾಸಿಗೆಯ ಮೇಲಕ್ಕೆ ನಾನೇ ಎಳೆದುಕೊಟ್ಟೆ. ನರ್ಸ್ ಬಂದು ನೋಡಿ, 'ಸುಸ್ತ್ ಮಾಡ್ಬೇಡಿ ಅಜ್ಜ' ಎಂದು ಹೋದಳು.

ಚಾಚಾ ಬೆರಳು ತೋರಿಸಿದ ಮನೆಯಲ್ಲಿ ಅಪ್ಪ ಅವರ ಅಡಿಕೆಯನ್ನಿಡುವುದು, ಆಮೇಲೆ ತಮ್ಮ ಹುಣಸೆಬೀಜ ಇಡುವುದು. ಮೆಲ್ಲಗೆ ಆಟ ಸಾಗಿತು. ನನಗೂ ಇಷ್ಟು ವರ್ಷದಲ್ಲಿ ಆಟ ಅರ್ಥವಾಗುತ್ತದೆ. ಚಾಚಾನ ಎರಡು ಕಾಯಿ ಒಂದು ಸಾಲಿನಲ್ಲಿ ಕೂತಿದ್ದವು. ಮೂರನೆಯ ಮನೆಯಲ್ಲಿ ಅಪ್ಪನ ಕಾಯಿ ಅಡ್ಡ ಇತ್ತು. ಅಪ್ಪ ಆ ಕಾಯಿಯನ್ನೇ ಪಕ್ಕಕ್ಕೆ ನಡೆಸಿ ದಾರಿ ಬಿಟ್ಟರು. ಚಿಕ್ಕ ಮಕ್ಕಳೂ ಹಾಗೆ ಆಡುವುದಿಲ್ಲ.

ಚಾಚಾ ತಲೆಯೆತ್ತಿ ಅಪ್ಪನನ್ನು ನೋಡಿದರು. ಅಪ್ಪ ಕಿಟಕಿಯ ಕಡೆ ನೋಡುತ್ತಿದ್ದರು. ಚಾಚಾ ಕೈ ಮುಂದೆ ಮಾಡಿ, ಸೂಜಿ ಚುಚ್ಚಿ ಟೇಪ್ ಹಾಕಿದ್ದ ಕೈ ಅದು, ಆ ಹುಣಸೆಬೀಜ ಹಿಡಿದು ಮೊದಲಿದ್ದ ಮನೆಗೆ ತಳ್ಳಿದರು. ಬಹಳ ಹೊತ್ತು ಹಿಡಿಯಿತು. ಅಪ್ಪ ಸಹಾಯ ಮಾಡಲಿಲ್ಲ. ಆಮೇಲೆ ಚಾಚಾ ಮಾಸ್ಕ್ ಸರಿಸಿದರು.

'ಸರಿಯಾಗ್ ಆಡಿ ಮೇಷ್ಟ್ರೇ. ಭಿಕ್ಷೆ ಬೇಡಕ್ಕೆ ಮಲಗಿದೀನಾ ಇಲ್ಲಿ?'

ಚಾಚಿ ಮಾಸ್ಕನ್ನು ವಾಪಸ್ ಹಾಕಿದರು. ಅಪ್ಪ ಮೂಗು ಒರೆಸಿಕೊಂಡು, ಸ್ಟೂಲನ್ನು ಹತ್ತಿರಕ್ಕೆ ಎಳೆದುಕೊಂಡು, ಆಟಕ್ಕೆ ಬಗ್ಗಿದರು. ಅಲ್ಲಿಂದ ಮುಂದೆ ಇಬ್ಬರೂ ಯಾರನ್ನೂ ನೋಡಲಿಲ್ಲ. ಚಾಚಾ ಎರಡು ಸಲ ಸಾಲು ಕೂಡಿಸಿ ಅಪ್ಪನ ಕಾಯಿ ಎತ್ತಿಸಿದರು. ಅಪ್ಪ ಮೂರು, ಐದು, ಏಳು ಸಲ ಕೂಡಿಸಿದರು. ಒಂದೊಂದು ಕಾಯಿಗೂ ಚಾಚಾ ಹೋರಾಡಿದರು. ಸಂದರ್ಶಕರ ಸಮಯ ಮುಗಿಯಿತೆಂದು ಕೂಗುವ ಹೊತ್ತಿಗೆ ಅವರ ಕಡೆ ಎರಡೇ ಅಡಿಕೆ ಚೂರು ಉಳಿದಿದ್ದವು. ರಟ್ಟನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿ, ಒಪ್ಪಿದೆ ಎನ್ನುವ ಹಾಗೆ ತಲೆಯಾಡಿಸಿ ಕಣ್ಣು ಮುಚ್ಚಿದರು. ಅವರಿಗೆ ಎರಡೇ ದಿನ ಉಳಿದಿವೆ ಎಂದು ನಮಗೆ ಯಾರಿಗೂ ಗೊತ್ತಿರಲಿಲ್ಲ.

ವಾಪಸ್ ಬರುವಾಗ ಆಟೋದಲ್ಲಿ ಅಪ್ಪ ಕೋಲನ್ನು ಮಂಡಿಯ ನಡುವೆ ನಿಲ್ಲಿಸಿಕೊಂಡು ಕೂತಿದ್ದರು. ಸಿಗ್ನಲ್ ಹತ್ತಿರ ಆಟೋ ನಿಂತಿತು. ಹೊರಟ ಮೇಲೆ, ಶಬ್ದದಲ್ಲಿ ನನಗೆ ಕೇಳಲಿ ಎಂದು ಸ್ವಲ್ಪ ಜೋರಾಗಿಯೇ ಹೇಳಿದರು:

'ಇವತ್ತು ನಾನು ಚೆನ್ನಾಗಿ ಆಡ್ದೆ ಕಣೇ.'